ಭೀಮಮ್ಮ ಕಣ್ಣಾರೆ ಕಂಡದ್ದು

ಶಹಾಬಾದದಾಗ ಭೀಮಮ್ಮನ್ನ ಏನರೆ ಕೇಳಿ ಸೀದಾ ಉತ್ತರ ಪಡದವರು ಭಾಳ ಕಡಿಮಿ. "ಭೀಮಕ್ಕಾ, ವಾಡಿ ಗಾಡಿ ಹೋಯ್ತೇನು?" ಅಂದ್ರ, "ಹೊಗಿ ಕಂಡೆ, ಗಾಡಿ ಕಾಣಲಿಲ್ಲ" ಅಂತಿದ್ದಳು. "ಮೊನ್ನೆ ನಿಮ್ಮ ಓಣ್ಯಾಗ ಜಗಳಾಡಿದವರು ಯಾರು?" ಅಂದ್ರ, "ದನಿ ಎರಡಿದ್ದವು. ಹೆಸರು ನಾ ಹ್ಯಾಂಗ ಹೇಳ್ಲಿ?" ಇಂಥಾಕಿ ಜೋಡಿ ಬಾಳೇವು ಮಾಡಿದ ಗಂಡ ಖಂಡೆಪ್ಪನ ತಾಳ್ಮಿಗೆ ಕೈ ಮುಗೀಬೇಕು. ಆದ್ರ ಆಕಿ ಹುಟ್ಟಾ ಹಿಂಗ ಇರಲಿಲ್ಲ. ನಿಜಾಮರ ರಾಜ್ಯ ಇದ್ದ ಕಾಲಕ್ಕ, ಆಕಿ ಇನ್ನೂ ಹೊಸ ಸೊಸಿ ಇದ್ದಾಗ, ಆಕಿ ಅಂದ ಒಂದು "ಹ್ಞೂಂ" ಒಬ್ಬ ಮನಷಾನ ಕುತ್ತಿಗಿಗೆ ಹಗ್ಗ ಆಗಿ ಬಿದ್ದಿತ್ತು. ಆ ಕತಿ ಹೇಳ್ತೀನಿ. ಗಾಬರಿ ಆಗಬ್ಯಾಡ್ರಿ, ಮೊದಲಿಗೆ ಸತ್ತವ ಒಬ್ಬನ್ನ ಬಿಟ್ರ ಇದರಾಗ ಮತ್ತ್ಯಾರೂ ಸಾಯೂದಿಲ್ಲ.

ಭೀಮಮ್ಮನ ತವರುಮನಿ ತೆಂಗಳಿ. ಅಲ್ಲಿ ಜ್ವಾಳ, ತೊಗರಿ, ದನಾ ಕರ. ಶಹಾಬಾದಕ್ಕ ಬಂದ್ರ ಕಲ್ಲು, ಕಲ್ಲು, ಮತ್ತ ಕಲ್ಲು. ಗಂಡ ಖಂಡೆಪ್ಪ, ಗಂಡನ ಅಣ್ಣ ಸಂಗಣ್ಣ, ಇಬ್ಬರೂ ಖಣಿಯಾಗ ಪರಸಿ, ಅಂದ್ರ ಹಾಸುಗಲ್ಲು, ಎಬ್ಬಿಸೋರು. ಸಂಗಣ್ಣನ ಹೆಂಡತಿ ತೀರಿಕೊಂಡಿದ್ದಳು. ಹಿಂಗಾಗಿ ಮನ್ಯಾಗ ಹೆಣ್ಮಕ್ಕಳು ಅಂದ್ರ ಅತ್ತಿ ಸಾಬಮ್ಮ, ಸೊಸಿ ಭೀಮಮ್ಮ, ಇಬ್ಬರ.

ಸಾಬಮ್ಮ ಮೊದಲನೇ ದಿನಾನ ಸೊಸಿಗೆ ರೀತಿ ರಿವಾಜು ಕಲಿಸಿದಳು. ಭಾವ ಬಂದ್ರ ಸೆರಗು ಮುಂದಕ್ಕ ಎಳಕೋಬೇಕು, ನೆಲಾ ನೋಡಬೇಕು. ಅವನ ಎದುರಿಗೆ ಮಾತಾಡಬಾರದು, ಅವನ ಹೆಸರು ನಾಲಿಗಿ ಮ್ಯಾಲ ಬರಬಾರದು. ಹೆಸರು ಹೇಳಿದ್ರ ಆಯುಷ್ಯ ಕಡಿಮಿ ಆಗ್ತದ ಅಂತ ಆಗಿನವರ ನಂಬಿಗಿ. ಸಂಗಣ್ಣನೂ ಮರ್ಯಾದಸ್ಥ. ತಾ ಬರೂದು ಹೆಣ್ಮಕ್ಕಳಿಗೆ ಮೊದಲ ಗೊತ್ತಾಗಲಿ ಅಂತ ಕಿರಕಿರ ಅನ್ನೋ ಚಪ್ಪಲಿ ಹೊಲಿಸಿಕೊಂಡಿದ್ದ. ಎಡಗಾಲಿನ ಹೆಬ್ಬೆರಳ ಮ್ಯಾಲ ಒಮ್ಮೆ ಪರಸಿ ಬಿದ್ದಿತ್ತು, ಅದಕ್ಕ ಎಡಚಪ್ಪಲಿಯ ಪಟ್ಟಿ ಬೆರಳು ಮುಚ್ಚೂವಷ್ಟು ಅಗಲ. ಓಣ್ಯಾಗ ಕಿರಕಿರ ಕೇಳ್ತಂದ್ರ ಭೀಮಮ್ಮ ಎಲ್ಲಿದ್ದಲ್ಲೇ ಸೆರಗು ಎಳದು ಗ್ವಾಡಿ ಕಡೆ ಸರೀತಿದ್ದಳು.

ಅಣ್ಣಾ-ತಂಗಿ ಅಂಥಾ ಪ್ರೀತಿ ಇಬ್ಬರ ನಡುವ, ಮಾತಿಲ್ಲದ ಪ್ರೀತಿ. ಒಮ್ಮೆ ಆಕಿಗೆ ಜ್ವರ ಬಂದು ಮಲಗಿದ್ದಾಗ ಸಂಗಣ್ಣ ಸೇಡಂ ತನಕಾ ಹೋಗಿ ಹಕೀಮನ ಕಡಿಂದ ಔಷಧ ತಂದು, ಹೊಸ್ತಿಲ ಮ್ಯಾಲ ಇಟ್ಟು, ಕೆಮ್ಮಿ ಹೊರಗ ಹೋಗಿಬಿಟ್ಟಿದ್ದ. ಅದನ್ನ ಭೀಮಮ್ಮ ಎಂದೂ ಮರೀಲಿಲ್ಲ.

ಇನ್ನ ಆ ದಿನದ ಮಾತು. ಶಹಾಬಾದದ ಬ್ಯಾಸಗಿ ಬಿಸಲು ಅಂದ್ರ ಕೇಳಬ್ಯಾಡ್ರಿ, ಹಾಸಿದ ಪರಸಿ ಮ್ಯಾಲ ರೊಟ್ಟಿ ಬೇಯಬೇಕು. ಮಧ್ಯಾಹ್ನ ಭೀಮಮ್ಮ ಬುತ್ತಿ ಗಂಟು ತಲಿ ಮ್ಯಾಲ ಹೊತ್ತು, ಮಜ್ಜಿಗಿ ತಂಬಿಗಿ ಕೈಯಾಗ ಹಿಡಕೊಂಡು ಖಣಿಗೆ ಹೊಂಟಿದ್ದಳು. ಖಣಿ ದಂಡಿಗೆ ಪರಸಿ ಒಟ್ಟಿದ ಸಾಲು ಇದ್ದವು. ಒಂದು ಸಾಲಿನ ಆಚಿಂದ ಮುಕಾದಮ ರೇವಣಪ್ಪನ ದನಿ ಕೇಳ್ತು: "ಏ ಬ್ಯಾಡಲೇ, ಬ್ಯಾಡ!"

ಈ ರೇವಣಪ್ಪ ಅಂದ್ರ ಖಣಿ ಆಳುಗಳ ಮ್ಯಾಲ ಹುಕುಂ ಚಲಾಯಿಸೋ ಮನಷಾ. ಬಾಯಿ ಹೊಲಸು, ಕೈ ಬಿರುಸು. ಹಿಂದಿನ ದಿನಾನ ಸಂಗಣ್ಣ ಮುಂಜಾನಿಂದ ಕುಂತು ಕಟದ ಪರಸಿನ್ನ "ಡೊಂಕ ಅದ" ಅಂತ ಈತ ಒದ್ದು ಮುರದಿದ್ದ. ಸಂಗಣ್ಣ ಎಲ್ಲಾರ ಮುಂದ "ನಿನ್ನ ತಲಿ ಹಿಂಗ ಒಡೀತೀನಿ ನೋಡು" ಅಂತ ಒದರಿದ್ದ. ಸಿಟ್ಟಿನಾಗ ಆಡಿದ ಮಾತು ಅದು; ಹಂಗ ಆಡಿದವರೆಲ್ಲಾ ತಲಿ ಒಡಿಯೂದಿದ್ರ ನಮ್ಮ ಊರಾಗ ಒಬ್ಬನೂ ತಲಿಗೆ ಪಟಗಾ ಸುತ್ತತಿರಲಿಲ್ಲ!

ಸಾಲಿನ ಆಚಿಂದ ಕಿರಕಿರ, ಕಿರಕಿರ ಸಪ್ಪಳಾತು. ಭೀಮಮ್ಮನ ಕೈ ತಾನ ಹೋಗಿ ಸೆರಗು ಎಳಕೊಂತು. ಮುಂದ ಒಂದು ಪೆಟ್ಟು, ಒಂದು ನರಳಾಟ. ಸುತ್ತಿಗಿ ಖಣ್ ಅಂತ ಕಲ್ಲ ಮ್ಯಾಲ ಬಿತ್ತು, ರೇವಣಪ್ಪ ಬಿದ್ದ, ಭಾವ ಆಕಿ ಮುಂದಿಂದನ ಹಾದು ಓಡಿ ಹೋದ. ಮಜ್ಜಿಗಿ ತಂಬಿಗಿ ಕೈಯಿಂದ ಜಾರಿ ಉರುಳಿತು. ಆಕಿ ಚೀರಿದ್ದು ಖಣಿ ತಳಕ್ಕ ಕೇಳಿ ಎಲ್ಲಾರೂ ಮ್ಯಾಲ ಬರೂದ್ರಾಗ ರೇವಣಪ್ಪನ ಜೀವ ಹೋಗಿತ್ತು.

ಪೋಲೀಸ್ ಅಮೀನ ಬಂದ. ಭೀಮಮ್ಮ ಒಟ್ಟಿದ ಕಲ್ಲಿಗೆ ಆತು ಕುಂತಿದ್ದಳು. "ಯಾರನ್ನ ನೋಡಿದಿ, ಹೇಳು" ಅಂದ ಅಮೀನ. ಆಕಿ ಹೇಳೂದು ಹ್ಯಾಂಗ? ಭಾವನ ಹೆಸರು ಹೇಳೂಹಂಗಿಲ್ಲ. "ನಮ್ಮ ಮನ್ಯಾನವರು" ಅಂದಳು. "ನಿನ್ನ ಗಂಡನೇನು?" ಅಲ್ಲ ಅಂತ ತಲಿ ಅಲ್ಲಾಡಿಸಿದಳು. ಮಂದ್ಯಾಗಿಂದ ಯಾರೋ ಕೇಳಿದರು: "ಸಂಗಣ್ಣೇನು?"

"ಹ್ಞೂಂ."

ಆ ಹ್ಞೂಂ ಉರ್ದು ಕಾಗದದ ಮ್ಯಾಲ ಹೋಗಿ ಕುಂದ್ರೂವಾಗ "ಮುಲ್ಜಿಮನನ್ನು, ಅಂದರೆ ಆರೋಪಿಯನ್ನು, ಸಾಕ್ಷಿದಾರಳು ತನ್ನ ಕಣ್ಣಿಂದ ಸ್ಪಷ್ಟ ನೋಡಿದ್ದಾಳೆ" ಅಂತ ಆಗಿತ್ತು. ಸಂಗಣ್ಣ ಖಣಿಯ ಇನ್ನೊಂದು ಮೂಲ್ಯಾಗ ನೆರಳಿಗೆ ಮಲಗಿದ್ದ, ಒಬ್ಬನ. ಮಲಗಿದ್ದನ್ನ ನೋಡಿದವರಿಲ್ಲ. ದಂಡಿಗೆ ಬಿಟ್ಟ ಅವನ ಚಪ್ಪಲಿ ನೋಡಿದ್ರ, ಪಟ್ಟಿ ಮ್ಯಾಲ ರಕ್ತದ ಹನಿ. ಗುಲಬರ್ಗಾದ ಸೆಷನ್ಸ್ ಅದಾಲತ್ತಿನಾಗ ಸರ್ಕಾರಿ ವಕೀಲ ಕಟಕಟಿ ಕಡೆ ಕೈ ಮಾಡಿ "ಅಲ್ಲಿ ನಿಂತವ ಯಾರು?" ಅಂದ. ಸೆರಗಿನ ಒಳಗಿಂದನ ಭೀಮಮ್ಮ "ನಮ್ಮ ಭಾವ" ಅಂದಳು. ಕಟಕಟ್ಯಾಗ ಮತ್ತ್ಯಾರು ನಿಂದರ್ತಾರ? ಅಷ್ಟಕ್ಕ ಫಾಶಿ ಅಂತ ಬರದರು. ಹೈದರಾಬಾದಿನ ದೊಡ್ಡ ಅದಾಲತ್ತು ಒಪ್ಪೂದೊಂದು ಬಾಕಿ ಇತ್ತು.

ಮನಿ ಅನ್ನೂದು ಸುಡುಗಾಡು ಆಗಿ ಹೋಯ್ತು. ಸಾಬಮ್ಮ ಮೊದಲು ಅತ್ತಳು, ಆಮ್ಯಾಲ ಬಯ್ದಳು. "ಉಂಡ ಮನಿ ಜಂತಿ ಎಣಿಸಾಕಿ! ಮಗನ್ನ ನುಂಗಾಕ ತೆಂಗಳಿಯಿಂದ ಬಂದ್ಯಾ?" ಖಂಡೆಪ್ಪ ಬಯ್ಯಲಿಲ್ಲ, ಅದು ಇನ್ನೂ ಕೆಟ್ಟದ್ದು. ಹೊರಗ ಕಟ್ಟಿ ಮ್ಯಾಲ ಮಲಗಾಕ ಹತ್ತಿದ, ಆಕಿ ನೀಡಿದ ತಾಟು ಅರ್ಧಕ್ಕ ಬಿಟ್ಟು ಏಳ್ತಿದ್ದ.

"ಒಂದು ಮಾತು ತಿರುಗಿಸಿ ಹೇಳ, ನಿನ್ನ ಗಂಟೇನು ಹೋಗ್ತದ? ನೋಡಿಲ್ಲ ಅನ್ನು" ಅಂತ ಸಾಬಮ್ಮ ಅಂಗಲಾಚಿದಳು.

"ನೋಡೀನಲ್ಲ ಅತ್ತಿ" ಅಂತ ಭೀಮಮ್ಮ ಅತ್ತಳು. "ನೋಡಿದ್ದನ್ನ ನೋಡಿಲ್ಲ ಅಂತ ಹ್ಯಾಂಗ ಅನ್ಲಿ? ಸತ್ತವಗೂ ಹೆಂಡತಿ ಮಕ್ಕಳವ."

ಸುಳ್ಳು ಆಕಿಗೆ ಬರ್ತಿರಲಿಲ್ಲ. ಸಣ್ಣಾಕಿ ಇದ್ದಾಗ ಬೆಲ್ಲಾ ಕದ್ದು ತಿಂದ್ರ ತಾನ ಹೋಗಿ ಅವ್ವನ ಮುಂದ ನಿಂದರ್ತಿದ್ದಳಂತ. ಈಗ ಭಾವನ್ನ ಉಳಿಸಬೇಕಂದ್ರ ಸುಳ್ಳು ಹೇಳಬೇಕು, ಖರೇ ಹೇಳಿದ್ರ ಭಾವ ಸಾಯ್ತಾನ. ಹೊಸ್ತಿಲ ಮ್ಯಾಲ ಔಷಧ ಇಟ್ಟು ಹೋದ ಮನಷಾ! ದಿನಾ ಹಿಟ್ಟು ನಾದೂವಾಗ ಕಣ್ಣೀರು ಹಿಟ್ಟಿನಾಗ ಬೀಳ್ತಿದ್ದವು. ಬ್ಯಾರೆ ಉಪ್ಪು ಹಾಕೂ ಕೆಲಸ ಇರಲಿಲ್ಲ, ಅಂತ ಮುಂದ ಆಕಿನ ನಗಿಚಾಟಿ ಮಾಡ್ತಿದ್ದಳು. ಆದ್ರ ಆಗ ನಗು ಎಲ್ಲಿಂದ ಬರಬೇಕು.

ಅಪೀಲು ಹಾಕಾಕ ಚಿತ್ತಾಪುರದ ಬಂದೇಅಲಿ ವಕೀಲನ ಹಿಡದಿದ್ದರು. ಮೈ ಕಡ್ಡಿ, ದನಿ ನಗಾರಿ. ಕಾಗದ ಓದಿ ಖಂಡೆಪ್ಪಗ ಹೇಳಿದ್ದ: "ನೋಡಪಾ, ಇಡೀ ಮುಕದ್ದಮಾ ಒಂದು ಹೆಣ್ಮಗಳ ಎರಡು ಕಣ್ಣಿನ ಮ್ಯಾಲ ನಿಂತದ. ಆ ಕಣ್ಣು ಸುಳ್ಳು ಅಂತ ನಾ ಹ್ಯಾಂಗ ತೋರಿಸ್ಲಿ?" ಇದನ್ನ ಕೇಳಿದ ಸಾಬಮ್ಮ ತನಗ ತಿಳಿದಷ್ಟು ಒಂದು ಉಪಾಯ ಮಾಡಿದಳು. ಸೊಸಿಗೆ ಸುಳ್ಳು ಹೇಳಾಕ ಬರೂದಿಲ್ಲಲ್ಲ, ವಕೀಲರ ಕೈಲೆ ಕಲಿಸಿದ್ರಾತು! ಮಗ, ಸೊಸಿ ಇಬ್ಬರನ್ನೂ ಎಬ್ಬಿಸಿಕೊಂಡು ಗಾಡಿ ಹತ್ತಿದಳು. ವಾಡ್ಯಾಗ ಇಳದು ನಿಜಾಮರ ರೈಲು ಹಿಡದು, ಮಧ್ಯಾಹ್ನಕ್ಕ ಚಿತ್ತಾಪುರದ ವಕೀಲನ ಮನಿ ಕಟ್ಟಿ ಮುಂದ ಹಾಜರ್.

"ಈಕಿನರೀ ನನ್ನ ಸೊಸಿ, ನೋಡೀನಿ ಅಂದಾಕಿ. ಏನು ಹೇಳಬೇಕು ಅಂತ ನೀವ ಪಾಠಾ ಮಾಡ್ರಿ" ಅಂದಳು ಸಾಬಮ್ಮ.

ಬಂದೇಅಲಿ ಕುಂತಲ್ಲಿಂದ ಜಿಗದು ನಿಂತ. "ಯಾ ಅಲ್ಲಾ! ಸರ್ಕಾರಿ ಸಾಕ್ಷಿನ್ನ ನನ್ನ ಮನಿಗೆ ತಂದೀ ಏನು ಮುದುಕಿ? ಯಾರರೆ ನೋಡಿದ್ರ ನನ್ನ ವಕಾಲತ್ತಿನ ಸನದು ಹೋಗ್ತದ! ಹೋಗ್ರಿ, ಹೋಗ್ರಿ!" ಅಷ್ಟ ಅಂದವನು, ಬಿಸಲಾಗ ಬಂದ ಹೆಣ್ಮಕ್ಕಳ ಮಾರಿ ಬಾಡಿದ್ದು ನೋಡಿ ದನಿ ಇಳಿಸಿದ. "ಒಳಗ ಹೋಗಿ ನೀರು ಕುಡದು ಹೋಗ್ರಿ. ಮುಕದ್ದಮಾದ ಮಾತು ಒಂದೂ ಆಡಬ್ಯಾಡ್ರಿ."

ಒಳಗ ಅಂದ್ರ ಪಡದೆ ಆಚಿ, ವಕೀಲನ ಹೆಂಡತಿ ಕಮರುನ್ನೀಸಾಳ ಕಡೆ. ದುಂಡನ್ನ ಮೈ, ಬಾಯಾಗ ಎಲಿ ಅಡಿಕಿ, ಮನಿಗೆ ಯಾರರೆ ಹೆಣ್ಮಕ್ಕಳು ಬಂದ್ರ ಈದ್ ಬಂದಷ್ಟು ಖುಷಿ ಪಡೋಳು. ನೀರು ಕೊಟ್ಟಳು, ಬೆಲ್ಲಾ ಕೊಟ್ಟಳು. ಮುಕದ್ದಮಾದ ಮಾತು ಆಡಬ್ಯಾಡ ಅಂದಿದ್ದು ಗಂಡ, ಅದೂ ಅವರಿಗೆ; ತನಗಲ್ಲ. "ಹ್ಯಾಂಗಿದ್ದಾನ ನಿಮ್ಮ ಭಾವ? ಮಾರಿ ನೋಡಿದ್ರ ಕೊಲಿ ಮಾಡೋನಂಗ ಕಾಣ್ತಾನೇನು?" ಅಂತ ಭೀಮಮ್ಮನ್ನ ಕೇಳಿದಳು.

"ನನಗೇನು ಗೊತ್ರೀ ಅಮ್ಮಾರ" ಅಂದಳು ಭೀಮಮ್ಮ. "ಭಾವನ ಮಾರಿ ಯಾರರೆ ನೋಡ್ತಾರೇನ್ರೀ?"

ಕಮರುನ್ನೀಸಾಳ ಬಾಯಾಗಿನ ಎಲಿ ಅಡಿಕಿ ಅಲ್ಲೇ ನಿಂತ್ವು. "ಅಂದ್ರ?"

"ಮದುವಿಯಾದ ಮ್ಯಾಲ ನಾ ಅವರ ಮಾರಿ ನೋಡೇ ಇಲ್ರೀ. ಅವರು ಬಂದ್ರ ಸೆರಗು ಎಳಕೊಂತೀನಿ."

"ಆ ದಿನ?"

"ಆ ದಿನಾನೂ ಎಳಕೊಂಡೆ. ಕಿರಕಿರ ಕೇಳ್ತು, ಭಾವ ಬಂದ್ರು ಅಂತ ಸೆರಗು ಎಳಕೊಂಡೆ. ಚಪ್ಪಲಿ ಕಂಡ್ವು. ಅವರದ ಚಪ್ಪಲಿ, ಅಗಲ ಪಟ್ಟೀವು. ದಿನಾ ಎತ್ತಿಡಾಕಿ ನಾನ, ನನಗ ಗೊತ್ತಾಗೂದಿಲ್ಲೇನು?"

ಭೀಮಮ್ಮ ಇದನ್ನ ಮುಚ್ಚಿಟ್ಟಿದ್ದಳು ಅಂತ ತಿಳೀಬ್ಯಾಡ್ರಿ. ಆಕಿ ಲೆಕ್ಕದಾಗ ಭಾವನ್ನ ನೋಡೂದು ಅಂದ್ರ ಅದ. ಎರಡು ವರ್ಷ ಆಕಿ ಭಾವನ್ನ ಹಂಗ ನೋಡಿದ್ದಳು. ಉಣ್ಣಾಕ ಕುಂತ ಭಾವನ್ನ, ಖಣಿಗೆ ಹೋಗೋ ಭಾವನ್ನ, ಜಳಕಾ ಮಾಡಿ ಬಂದ ಭಾವನ್ನ, ಎಲ್ಲಾ ನೆಲಕ್ಕ ಕಣ್ಣು ಇಟ್ಟ ನೋಡಿದ್ದಳು. ಮಾರಿ ನೋಡಿದ್ಯಾ ಅಂತ ಅಮೀನ ಕೇಳಲಿಲ್ಲ, ಸರ್ಕಾರಿ ವಕೀಲ ಕೇಳಲಿಲ್ಲ, ಜಜ್ಜ ಕೇಳಲಿಲ್ಲ. ಪ್ರತ್ಯಕ್ಷ ಕಂಡರೂ ಪ್ರಮಾಣಿಸಿ ನೋಡು ಅಂತ ಗಾದಿ ಹೇಳೋರು ಊರ ತುಂಬ ಅದಾರ, ಪ್ರಮಾಣಿಸೋ ಹೊತ್ತಿಗೆ ಒಬ್ಬನೂ ಇರೂದಿಲ್ಲ!

"ಅಜೀ, ಕೇಳ್ರಿ ಇಲ್ಲಿ!" ಅಂತ ಕಮರುನ್ನೀಸಾ ಪಡದೆ ಕಡೆ ತಿರುಗಿ ಒದರಿದಳು. "ನಿಮ್ಮ ಕಣ್ಣಾರೆ ನೋಡಿದ ಸಾಕ್ಷಿ ಮಾರಿನೇ ನೋಡಿಲ್ಲಂತ! ಬರೇ ಚಪ್ಪಲಿ ನೋಡ್ಯಾಳಂತ!"

ಪಡದೆ ಆಚಿ ಕಟ್ಟಿ ಮ್ಯಾಲ ವಕೀಲ, ಖಂಡೆಪ್ಪ ಇಬ್ಬರೂ ಕುಂತಿದ್ದರು. ಖಂಡೆಪ್ಪನ ದನಿ ಬಂತು. "ಚಪ್ಪಲಿ ಅಷ್ಟನಾ? ಸಾಹೇಬ್ರ, ಖಣಿಯಾಗ ಚಪ್ಪಲಿ ಯಾರದು, ಕಾಲು ಯಾರದು?"

"ಏನಂತಿ ನೀ?"

"ಖಣಿಗೆ ನಾವು ಬರಿಗಾಲಿಲೆ ಇಳೀತೀವ್ರಿ. ಸುತ್ತಿಗಿ, ಉಳಿ ಇರೂ ಜಾಗ, ಅದು ನಮ್ಮ ದೇವರು. ಎಲ್ಲಾರ ಚಪ್ಪಲಿನೂ ಮ್ಯಾಲ ದಂಡಿಗೆ ಗುಂಪಾಗಿ ಬಿದ್ದಿರ್ತಾವ. ಮಧ್ಯಾಹ್ನ ನೀರಿಗೆ, ಮತ್ತೊಂದಕ್ಕ ಮ್ಯಾಲ ಬಂದವ ಕಾದ ಪರಸಿ ಮ್ಯಾಲ ಹ್ಯಾಂಗ ನಡೀಬೇಕ್ರಿ? ಮೊದಲು ಸಿಕ್ಕ ಚಪ್ಪಲ್ಯಾಗ ಕಾಲು ತುರುಕಿ ಓಡ್ತಾನ, ತಿರುಗಿ ಬಂದು ಅಲ್ಲೇ ಬಿಡ್ತಾನ. ಅಣ್ಣನ ಚಪ್ಪಲಿ ನಾನ ಹತ್ತು ಸಲ ಮೆಟ್ಟೀನಿ. ರೇವಣಪ್ಪನೂ ಮೆಟ್ಟಿದ್ದ!"

"ಇದನ್ನ ಅದಾಲತ್ತಿನಾಗ ಯಾಕ ಹೇಳಲಿಲ್ಲೋ ಮಾರಾಯಾ?"

"ಈಕಿ ಮಾರಿ ನೋಡ್ಯಾಳ ಅಂತ ತಿಳಿದಿದ್ವಿ ಸಾಹೇಬ್ರ. ಮಾರಿ ನೋಡಿದ ಮ್ಯಾಲ ಚಪ್ಪಲಿ ಮಾತು ಯಾರು ತಗೀತಾರ?"

ಪಡದೆ ಈಚಿ ಭೀಮಮ್ಮನ ಕೈಯಾಗಿನ ಬೆಲ್ಲಾ ನೆಲಕ್ಕ ಬಿತ್ತು. ಹಂಗಾದ್ರ ಆ ದಿನ ಓಡಿದವ ಯಾರು? ಗೊತ್ತಿಲ್ಲ. ಆಕಿಗೆ ಗೊತ್ತೇ ಇಲ್ಲ! ಇಷ್ಟು ತಿಂಗಳು ಎದಿ ಮ್ಯಾಲ ಕುಂತಿದ್ದ ಬಂಡಿಗಲ್ಲು ಎದ್ದು ಹೋದಂಗಾತು. ಸುಳ್ಳು ಹೇಳೂದು ಬ್ಯಾಡ, ಭಾವನ್ನ ಕೊಲ್ಲೂದೂ ಬ್ಯಾಡ, ಇದ್ದದ್ದನ್ನ ಇದ್ದಷ್ಟ ಹೇಳಿದ್ರ ಸಾಕು. ಆಕಿ ಅಳಾಕ ಹತ್ತಿದಳು, ನಡುವ ನಗಾಕ ಹತ್ತಿದಳು. ಸಾಬಮ್ಮ ಸೊಸಿ ಮಾರಿ ನೋಡಿದಳು, ಹಣಿ ಹಣಿ ಬಡಕೊಂಡಳು. "ಅಯ್ಯ ನನ್ನ ಶಿವನ! ಆ ಸೆರಗು ನಾನ ಎಳಸಿದ್ದಲ್ಲ! ನಾನ ಕಲಿಸಿ, ನಾನ ಬಯ್ದೆನಲ್ಲ ಈ ಹುಡುಗಿನ್ನ!"

ಹೊರಗಿಂದ ವಕೀಲನ ನಗಾರಿ ಕೇಳ್ತು: "ಈಗ ಬಾಯಿ ಮುಚ್ಚರಿ ಎಲ್ಲಾರೂ! ನಾ ಏನೂ ಕೇಳಿಲ್ಲ. ಹೇಳೂದನ್ನ ಅದಾಲತ್ತಿನಾಗ ಹೇಳ್ರಿ!"

ಬಂದೇಅಲಿ ಅಪೀಲಿನಾಗ ಬರದದ್ದು ಇಷ್ಟ: ಈ ಸಾಕ್ಷಿ ಮುಲ್ಜಿಮನ ಮುಖ ನೋಡಿದಳೋ ಇಲ್ಲೋ ಅಂತ ಆಕಿನ್ನ ಯಾರೂ ಕೇಳೇ ಇಲ್ಲ, ಕೇಳಬೇಕು. ಹೈದರಾಬಾದಿನ ಜಜ್ಜರು ಓದಿ, ಖರೇ ಅದ ಅಂತ, ಗುಲಬರ್ಗಾದಾಗ ಆಕಿನ್ನ ಮತ್ತೊಮ್ಮೆ ಕರಸಿ ಕೇಳ್ರಿ ಅಂತ ಹುಕುಂ ಕಳಿಸಿದರು.

ಮತ್ತ ಅದ ಅದಾಲತ್ತು, ಅದ ಜಜ್ಜ. ಭೀಮಮ್ಮ ಎಲ್ಲಾ ಹೇಳಿದಳು. ಸರ್ಕಾರಿ ವಕೀಲ ನಕ್ಕ. "ಮನಿ ಮಂದಿ ಕೂಡಿ ಪಾಠಾ ಮಾಡ್ಯಾರ, ಹುಜೂರ್. ಎರಡು ವರ್ಷ ಒಂದ ಸೂರಿನ ಕೆಳಗ ಇದ್ದು ಮಾರಿ ಗೊತ್ತಿಲ್ಲಂತ!" ಅವನ ಮಾತೂ ತಪ್ಪಲ್ಲ. ಜಜ್ಜ ಗಡ್ಡಾ ಸವರಿಕೊಂಡು ಯೋಚನಿ ಮಾಡಿ, ಸಂಗಣ್ಣನ್ನ ಹೊರಗ ಒಯ್ಯಾಕ ಹೇಳಿದ. ಹೊರಗಿಂದ ಅವನ ವಯಸ್ಸಿನ ಒಂದಷ್ಟು ಗಂಡಸರನ್ನ ಹಿಡಕೊಂಡು ಬಂದು, ಎಲ್ಲಾರಿಗೂ ಒಂದ ನಮೂನಿ ಕಂಬಳಿ ಹೊಚ್ಚಿ, ಕಾಲು ಕಾಣದಂಗ ಕುಂದ್ರೂ ಬಾಕಿನ ಹಿಂದ ಸಾಲಿಗೆ ನಿಲ್ಲಿಸಿದರು. ನಡುವ ಎಲ್ಲೋ ಸಂಗಣ್ಣ.

"ಸೆರಗು ತಗದು ನೋಡಮ್ಮ. ನಿನ್ನ ಭಾವ ಯಾರು, ತೋರಿಸು" ಅಂದ ಜಜ್ಜ.

ಭೀಮಮ್ಮ ಕಲ್ಲಾಗಿ ನಿಂತಳು. ಸೆರಗು ತಗಿಯೂದಾ? ಭಾವನ ಎದುರಿಗೆ, ಇಷ್ಟು ಗಂಡಸರ ಮುಂದ? ಕೈ ಮ್ಯಾಲಕ್ಕ ಬರಲೇ ಇಲ್ಲ. ಸರ್ಕಾರಿ ವಕೀಲ ಮತ್ತ ನಕ್ಕ. ಆಗ ಹಿಂದ ಕುಂತಿದ್ದ ಸಾಬಮ್ಮ ಎದ್ದಳು. ಜವಾನ "ಕುಂದ್ರು, ಕುಂದ್ರು" ಅಂದ್ರೂ ಕುಂದ್ರಲಿಲ್ಲ. "ಎತ್ತ ನನ್ನವ್ವಾ" ಅಂದಳು. "ಎಳಕೋ ಅಂದಾಕಿ ನಾನು, ಈಗ ನಾನ ಹೇಳಾಕತ್ತೀನಿ, ಎತ್ತು. ನಿನಗ ಯಾವ ಪಾಪನೂ ಹತ್ತೂದಿಲ್ಲ."

ಭೀಮಮ್ಮ ಸೆರಗು ಎತ್ತಿದಳು. ಸಾಲಾಗಿ ಮಾರಿಗಳು, ಮೀಸಿ ಇದ್ದವು, ಇಲ್ಲದವು, ಕರೀವು, ಕೆಂಪನ್ನವು. ಆಕಿ ಖರೇನ ಹುಡುಕಿದಳು. ಗೊತ್ತಾಗೂದಿಲ್ಲ ಅಂತ ಸುಮ್ಮನ ಅಂದುಬಿಡಬಹುದಿತ್ತು, ಆದ್ರ ಕೇಳಿದ ಮ್ಯಾಲ ನೋಡಬೇಕಲ್ಲ? ಔಷಧ ತಂದಿಟ್ಟವನ ಮಾರಿ ಹ್ಯಾಂಗಿರಬೇಕು ಅಂತ ಯೋಚನಿ ಮಾಡಿ, ಎಲ್ಲಾರಕಿಂತಾ ಸೌಮ್ಯ ಕಂಡವನ ಕಡೆ ಬಟ್ಟ ಮಾಡಿ ತೋರಿಸಿದಳು. "ಇವರು ಇರಬಹುದ್ರೀ."

"ಯಾ ಖುದಾ!" ಅಂತ ಅವನು ಕಂಬಳಿ ಒಗದು ಚೀರಿದ. "ನಾ ಟಾಂಗಾ ಹೊಡಿಯೋ ಚಾಂದ್ ಹುಜೂರ್! ಹೊರಗ ಕುದರಿಗೆ ಹುಲ್ಲು ಹಾಕಾಕತ್ತಿದ್ದೆ, ಜವಾನ ಎಳಕೊಂಡು ಬಂದ! ನನಗ ಫಾಶಿ ಗೀಶಿ ಬ್ಯಾಡ್ರಿ!"

ಇಡೀ ಅದಾಲತ್ತು ನಕ್ಕಿತು. ಜಜ್ಜನೂ ಬಾಯಿಗೆ ಕರವಸ್ತ್ರ ಹಿಡದ. ಸಂಗಣ್ಣ ಆ ಕಡಿಯ ಕೊನಿಗೆ ನಿಂತಿದ್ದ, ಅವನ ಮ್ಯಾಲ ಆಕಿ ಕಣ್ಣು ಒಂದು ಕ್ಷಣನೂ ನಿಂತಿರಲಿಲ್ಲ. ಆಮ್ಯಾಲ ಜಜ್ಜ ಹಲವು ಜೋಡ ಚಪ್ಪಲಿ ತರಿಸಿ ಇಡಿಸಿದ. ಭೀಮಮ್ಮ ಸೆರಗು ಇಳಿಸಿಕೊಂಡು ಬಂದವಳೇ ಅಗಲ ಪಟ್ಟೀ ಜೋಡನ್ನ ಒಮ್ಮೆಗೇ ಎತ್ತಿದಳು. ಖಂಡೆಪ್ಪ ಎದ್ದು ಖಣಿಯ ಪದ್ಧತಿ ಹೇಳಿದ. ಖರೇ ಅಂತ ಖಣಿಯ ಇನ್ನಿಬ್ಬರೂ ಹೇಳಿದರು. ಅದರಾಗ ಒಬ್ಬನ್ನ ಸರ್ಕಾರಿ ವಕೀಲ "ಈಗ ನಿನ್ನ ಕಾಲಾಗಿರೂವು ಯಾರವು?" ಅಂತ ಹಂಗಿಸಿ ಕೇಳಿದ್ದಕ್ಕ, ಆ ಬಡವ ಕಾಲು ನೋಡಿಕೊಂಡು, "ಇವು ಖಂಡೆಪ್ಪನವು ಕಾಣ್ತಾವ್ರಿ" ಅಂದ.

ಕಾಗದ ಹೈದರಾಬಾದಿಗೆ ಹೋದವು. ಮರುವರ್ಷದ ಮಳಿ ಹತ್ತಿದಾಗ ಬಂದೇಅಲಿ ವಕೀಲನ ತಾರು ಬಂತು, ಸಂಗಣ್ಣ ಬಿಡುಗಡಿ ಅಂತ. ಓದಿ ಹೇಳಿದ ಸ್ಟೇಷನ್ನಿನ ಬಾಬುವಿನ ಕಾಲು ಹಿಡದಳು ಸಾಬಮ್ಮ. ಅವಗ ಯಾಕ ಅಂತ ತಿಳೀಲಿಲ್ಲ, ಅವನೂ ಅತ್ತ. ಖಂಡೆಪ್ಪ ಆ ದಿನ ತಾಟು ತುಂಬ ಉಂಡು, ಇನ್ನೊಂದು ರೊಟ್ಟಿ ಹಾಕು ಅಂದ. ಭೀಮಮ್ಮಗ ಅಷ್ಟ ಸಾಕಾತು. ರೇವಣಪ್ಪನ್ನ ಹೊಡದವ ಯಾರು ಅಂತ ಕೊನಿತನಕಾ ಗೊತ್ತಾಗಲಿಲ್ಲ. ತಾಂಡೂರ ಕಡೆ ಓಡಿ ಹೋದ ಒಬ್ಬ ಆಳಿನ ಹೆಸರು ಮಂದಿ ಆಡಿಕೊಂತಿದ್ದರು. ಅಮೀನ ಬಂದು ಕೇಳಿದಾಗ ಭೀಮಮ್ಮ, "ಓಡಿದ್ದು ಎರಡು ಕಾಲು ಸಾಹೇಬ್ರ. ಅದರ ಮ್ಯಾಲಿಂದು ನನಗ ಗೊತ್ತಿಲ್ಲ" ಅಂದಳು.

ಸಂಗಣ್ಣ ಬರೋ ದಿನ ಖಂಡೆಪ್ಪ, ಸಾಬಮ್ಮ ಸ್ಟೇಷನ್ನಿಗೆ ಹೋಗಿದ್ದರು. ಗಾಡಿ ಹೊತ್ತಿಗಿಂತ ಮೊದಲ ಬಂದು, ಸಂಗಣ್ಣ ಹೊಲದ ದಾರಿ ಹಿಡದು ಒಬ್ಬನ ಮನಿಗೆ ಬಂದುಬಿಟ್ಟ, ಬರಿಗಾಲಿಲೆ. ಭೀಮಮ್ಮ ಬಾಗಲಾಗ ಜ್ವಾಳ ಹಸನ ಮಾಡಾಕತ್ತಿದ್ದಳು. ತಲಿ ಎತ್ತಿದ್ರ ಬಡಕಲು ಮೈಯ, ಬೆಳ್ಳಗ ಗಡ್ಡಾ ಬಂದ ಒಬ್ಬ ಗಂಡಸು.

"ಯಾರು ಬೇಕಾಗಿತ್ರೀ?" ಅಂದಳು.

ಆ ಗಂಡಸಿನ ಕಣ್ಣಾಗ ನೀರು ಬಂತು, ಮೀಸಿ ಕೆಳಗ ನಗುನೂ ಬಂತು. "ನಾನ ಯವ್ವಾ, ನಿಮ್ಮ ಭಾವ."

ಭೀಮಮ್ಮ ಅವಸರಲೆ ಸೆರಗಿಗೆ ಕೈ ಹಾಕಿದಳು. "ಇರಲಿ ಬಿಡು" ಅಂದ ಸಂಗಣ್ಣ. ಆಕಿ ಜೋಡಿ ಅವ ಮಾತಾಡಿದ್ದು ಅವತ್ತ ಮೊದಲು. ಹೊಸ್ತಿಲಿಂದ ಒಂದಿಷ್ಟು ದೂರ ನೆಲದ ಮ್ಯಾಲ ಕುಂತ.

"ನನ್ನಿಂದ ನಿಮಗ ಭಾಳ ತ್ರಾಸಾತ್ರೀ" ಅಂದಳು ಭೀಮಮ್ಮ. "ಜೇಲಿನಾಗ ನನ್ನ ಎಷ್ಟು ಬಯ್ದಿರಬೇಕು ನೀವು."

ಸಂಗಣ್ಣ ತಲಿ ಅಲ್ಲಾಡಿಸಿದ. "ನಿನ್ನ ಬಯ್ಯಲಿಲ್ಲ ಯವ್ವಾ. ನೀ ಸುಳ್ಳು ಹೇಳಾಕಿ ಅಲ್ಲ ಅಂತ ನನಗ ಗೊತ್ತಿತ್ತು. ಅದಕ್ಕ, ನೀ ನೋಡೀನಿ ಅಂದ ಮ್ಯಾಲ, ನಾನ ಹೊಡದಿರಬೇಕು ಅಂತ ನಂಬಿಬಿಟ್ಟೆ. ಬಿಸಲಿಗೆ ತಲಿ ತಿರುಗಿ, ನಿದ್ದಿಗಣ್ಣಾಗ ಎದ್ದು ಹೊಡದು, ಮತ್ತ ಬಂದು ಮಲಗೀನಿ, ನೆನಪಿಲ್ಲ ಅಂತ. ದಿನಾ ರೇವಣಪ್ಪನ ಹೆಂಡತಿಗೆ ಮನಸಿನಾಗ ಕೈ ಮುಗೀತಿದ್ದೆ, ತಪ್ಪಾತು ತಾಯಿ ಅಂತ. ಅದಾಲತ್ತಿನಾಗ ನೀ ಆ ಟಾಂಗಾದವನ್ನ ತೋರಿಸಿದ್ಯಲ್ಲ, ಅವತ್ತ ನನಗ ಗೊತ್ತಾತು ನೋಡು, ನಾ ಯಾರನ್ನೂ ಕೊಂದಿಲ್ಲ ಅಂತ."

ಅಷ್ಟಂದು ಅವ ಸಣ್ಣ ಹುಡುಗನಂಗ ಅತ್ತುಬಿಟ್ಟ, ಕೈಲೆ ಮಾರಿ ಮುಚ್ಚಿಕೊಂಡು. ಭೀಮಮ್ಮ ಎದ್ದು ಒಳಗ ಹೋಗಿ ತಂಬಿಗಿ ನೀರು ತಂದಳು. ಹೊಸ್ತಿಲ ಮ್ಯಾಲ ಇಟ್ಟು ಸರಿಯಲಿಲ್ಲ, ಹೊಸ್ತಿಲು ದಾಟಿ ಹೋಗಿ ಅವನ ಕೈಯಾಗ ಕೊಟ್ಟಳು. "ಮಾರಿ ತೊಳಕೋರಿ ಭಾವ" ಅಂದಳು, "ರೊಟ್ಟಿ ಬಿಸಿ ಅವ."